ಹದಿನೈದು ಚೀಲದ ಗಾಡಿ

ಹಗುರವಾದ ವಸ್ತುಗಳ ಮೇಲೆ ನನಗೆ ಮೊದಲಿಂದಲೂ ನಂಬಿಕೆ ಕಡಿಮೆ. ಪಾತ್ರೆ ಅಂಗಡಿಗೆ ಹೋದರೆ ತಂಬಿಗೆಯನ್ನು ಎತ್ತಿ ಕೈಯಲ್ಲಿ ತೂಗಿ ನೋಡುತ್ತೇನೆ, ಬೆಲೆ ಕೇಳುವುದು ಆಮೇಲೆ. ಯಾರದೋ ಹೊಸ ಮನೆಯ ಗೃಹಪ್ರವೇಶಕ್ಕೆ ಹೋದರೆ ಹೋಳಿಗೆಗಿಂತ ಮೊದಲು ಬಾಗಿಲನ್ನು ಬೆರಳಿನಿಂದ ಬಡಿದು ನೋಡುತ್ತೇನೆ. ಟೊಳ್ಳು ಸದ್ದು ಬಂದರೆ ಆ ಮನೆಯವರ ಮೇಲೆ ಒಳಗೊಳಗೇ ಕನಿಕರ ಹುಟ್ಟುತ್ತದೆ. ಕಾರಿನ ವಿಷಯದಲ್ಲಿ ನನ್ನ ಪರೀಕ್ಷೆ ಇನ್ನೂ ಸುಲಭ. ಬಾಗಿಲನ್ನು ಜೋರಾಗಿ ಹಾಕುವುದು. 'ಧಪ್' ಅಂದರೆ ಗಾಡಿ, 'ಟಪ್' ಅಂದರೆ ಡಬ್ಬಿ. ಈ ಶಾಸ್ತ್ರವನ್ನು ನಾನು ಎಷ್ಟೋ ಜನರಿಗೆ ಅವರು ಕೇಳದೆಯೇ ಬೋಧಿಸಿದ್ದೇನೆ. ಅವರೆಲ್ಲರ ಕ್ಷಮೆ ಕೇಳುವ ಸಲುವಾಗಿಯೇ ಇದನ್ನು ಬರೆಯುತ್ತಿದ್ದೇನೆ ಅಂದರೂ ತಪ್ಪಲ್ಲ.

ನನ್ನದು ಹೈಸ್ಕೂಲು ಓದು. ಅದು ಮುಗಿದ ಮೇಲೆ ಸಿಂಧನೂರಿನಲ್ಲಿ ಅಪ್ಪನ ದಲಾಲಿ ಅಂಗಡಿಯ ಗಾದಿಯ ಮೇಲೆ ಕೂತವನು ಮಂಡಿಚಿಪ್ಪು ಸವೆದ ಮೇಲೇ ಎದ್ದೆ. ಜೀವನವೆಲ್ಲ ಭತ್ತ ತೂಗಿಸಿದವನಿಗೆ ಜಗತ್ತು ಚೀಲಗಳಲ್ಲೇ ಕಾಣುತ್ತದೆ. ನಮ್ಮ ಕಡೆ ಭತ್ತದ ಚೀಲ ಎಂದರೆ ಎಪ್ಪತ್ತೈದು ಕಿಲೋ. ಬೀಗರ ಮನೆಯ ಎಮ್ಮೆ ಇಷ್ಟು ಚೀಲ ಇದ್ದೀತು, ಗುಡಿಯ ಗಂಟೆ ಇಷ್ಟು ಚೀಲ ಇದ್ದೀತು ಎಂದು ಮನಸ್ಸು ತನ್ನಷ್ಟಕ್ಕೆ ಲೆಕ್ಕ ಹಾಕುತ್ತದೆ. ಮದುವೆಯಾದಾಗ ನನ್ನ ಹೆಂಡತಿ ಬಸಮ್ಮ ಅರ್ಧ ಚೀಲಕ್ಕಿಂತ ಸ್ವಲ್ಪ ಮೇಲಿದ್ದಳು. ಈಗ ಎಷ್ಟಿದ್ದಾಳೆ ಎಂದು ಬರೆದರೆ ಈ ಪ್ರಬಂಧ ಇಲ್ಲಿಗೇ ನಿಲ್ಲುತ್ತದೆ. ನನ್ನ ತೂಕವನ್ನು ಮಾತ್ರ ಮುಂದೆ ಹೇಳಲೇಬೇಕಾಗುತ್ತದೆ, ಅದಕ್ಕೆ ಕಾರಣವಿದೆ.

ನಾನು ಗಾದಿ ಬಿಟ್ಟು, ಮಗ ವೀರೇಶ ಗೊಬ್ಬರದ ಅಂಗಡಿ ಹಾಕಿದ ವರ್ಷ ಮನೆಗೊಂದು ಗಾಡಿ ಬಂತು. ಕಾರೂ ಅಲ್ಲ, ಜೀಪೂ ಅಲ್ಲ. ಕಾರಿಗಿಂತ ಒಂದು ಗೇಣು ಎತ್ತರ, ಜೀಪಿಗಿಂತ ಒಂದು ಮೊಳ ಗಿಡ್ಡ. ಕಾಂಪ್ಯಾಕ್ಟ್ ಕ್ರಾಸ್‌ಓವರ್ ಅನ್ನುತ್ತಾರಂತೆ. ಬಾಗಿಲು 'ಧಪ್' ಅಂದಿತು, ನಾನು ಒಪ್ಪಿದೆ. ಅದು ಆ ಗಾಡಿಯ ಮೊದಲನೆಯ ಪೀಳಿಗೆ, ಡೀಸೆಲ್ಲಿನದು. ಆಮೇಲೆ ಅದೇ ಹೆಸರಿನಲ್ಲಿ ಎರಡನೆಯ ಪೀಳಿಗೆ ಬಂತು. ಮೊಮ್ಮಗನಿಗೆ ಮುತ್ತಜ್ಜನ ಹೆಸರಿಟ್ಟ ಹಾಗೆ ಹೆಸರು ಮಾತ್ರ ಅದೇ, ಮೂಗು ಬೇರೆ, ಮೈಕಟ್ಟು ಬೇರೆ. ಒಂದೇ ಪೀಳಿಗೆಯೊಳಗೂ ತೂಕ ಒಂದೇ ಇರುವುದಿಲ್ಲ. ಡೀಸೆಲ್ಲಿನದು ಪೆಟ್ರೋಲಿನದಕ್ಕಿಂತ ಭಾರ. ತಾನೇ ಗೇರು ಬದಲಿಸಿಕೊಳ್ಳುವುದು ಕೈಯಿಂದ ಬದಲಿಸುವುದಕ್ಕಿಂತ ಭಾರ. ನಾಲ್ಕೂ ಗಾಲಿ ಎಳೆಯುವಂಥದ್ದು ಇನ್ನೂ ಭಾರ, ಬ್ಯಾಟರಿ ಹೊತ್ತದ್ದು ಎಲ್ಲಕ್ಕಿಂತ ಭಾರ. ಚಾವಣಿಗೆ ಗಾಜಿನ ಕಿಟಕಿ ಇಡಿಸಿಕೊಂಡರೆ ಆಕಾಶ ನೋಡುವ ಸುಖಕ್ಕೂ ಒಂದಿಷ್ಟು ಕಿಲೋ. ನಮ್ಮ ಮನೆತನದಲ್ಲೂ ಹೀಗೇ. ಅಜ್ಜ ಕುಸ್ತಿ ಆಡಿದವನು, ಅಪ್ಪ ಕಡ್ಡಿ ಪೈಲವಾನ, ನಾನು ಗಾದಿಯ ಮೇಲೆ ಕೂತು ಕೂತು ತಯಾರಾದ ಹೆಚ್ಚುವರಿ ಸೌಲಭ್ಯಗಳುಳ್ಳ ಆವೃತ್ತಿ.

ಸೊಸೆ ನೀಲಾ ಲಿಂಗಸುಗೂರಿನ ಹೈಸ್ಕೂಲಿನಲ್ಲಿ ವಿಜ್ಞಾನದ ಟೀಚರು. ಬಸ್ಸಿನಲ್ಲಿ ನಿಂತು ಹೋಗಿ ಬಂದು ಸಾಕಾಗಿ, ತನ್ನ ಸಂಬಳ ಉಳಿಸಿ ಹೋದ ಬೇಸಿಗೆಯ ಕೊನೆಗೆ ಅದೇ ಗಾಡಿಯ ಎರಡನೆಯ ಪೀಳಿಗೆಯದನ್ನು ಕೊಂಡಳು. ಪೆಟ್ರೋಲಿನದು, ಎಲ್ಲಕ್ಕಿಂತ ಸಾದಾ ಆವೃತ್ತಿ. ಮನೆಯ ಮುಂದೆ ನಿಲ್ಲಿಸಿ ತೆಂಗಿನಕಾಯಿ ಒಡೆದದ್ದೇ ತಡ, ನಾನು ಹೋಗಿ ಬಾಗಿಲು ಹಾಕಿದೆ.

'ಟಪ್.'

"ಇದೇನ್ ಬೇ ನೀಲಾ, ಬಿಸ್ಕೀಟಿನ ಡಬ್ಬಿ ತಂದೀಯಲ್ಲ" ಅಂದೆ. ಓಣಿಯವರು ನಕ್ಕರು. ಅವಳೂ ನಕ್ಕಳು, ಸ್ವಲ್ಪ ತಡವಾಗಿ.

ಅಷ್ಟಕ್ಕೇ ಬಿಟ್ಟಿದ್ದರೆ ಚೆನ್ನಾಗಿತ್ತು. ಆದರೆ ನೀಲಾಳ ಮನಸ್ಸಿನಲ್ಲಿ ಇನ್ನೊಂದು ವಿಚಾರವಿತ್ತು. ಮೂರನೆಯ ತರಗತಿಗೆ ಹೋಗಬೇಕಾದ ಮೊಮ್ಮಗಳು ಗೌರಿಯನ್ನು ತನ್ನ ಶಾಲೆಯ ಪಕ್ಕದ ಶಾಲೆಗೇ ಸೇರಿಸಿ, ದಿನವೂ ಜೊತೆಯಲ್ಲೇ ಕರೆದೊಯ್ದು ಕರೆತರುವುದು. ಬೆಳಿಗ್ಗೆ ಮಗು ಏಳುವ ಮೊದಲೇ ಹೊರಟು ಸಂಜೆ ದಣಿದು ಬರುವ ತಾಯಿಗೆ, ಹೋಗುವ ಬರುವ ಆ ದಾರಿಯಷ್ಟಾದರೂ ಮಗಳು ಸಿಗಲಿ ಎಂಬ ಆಸೆ. ಶಾಲೆ ಶುರುವಾಗಲು ಕೆಲವೇ ದಿನಗಳಿದ್ದವು. ನಾನು ಊಟಕ್ಕೆ ಕೂತಲ್ಲೇ ಕಟ್ಟಪ್ಪಣೆ ಮಾಡಿಬಿಟ್ಟೆ: "ನೀ ಬೇಕಾದ್ರ ಹೋಗು. ಕೂಸಿನ್ನ ಮಾತ್ರ ಆ ಡಬ್ಬ್ಯಾಗ ಕುಂದ್ರಿಸಬ್ಯಾಡ. ಆ ರಸ್ತೇದಾಗ ಭತ್ತದ ಲಾರಿ ಹೆಂಗ ಬರ್ತಾವ ಗೊತ್ತೈತಿ ನನಗ."

"ಮಾವಾರ, ಭಾರ ಇರೂದು ಡೀಸೆಲ್ ಎಂಜಿನ್‌ನ್ಯಾಗ್ರಿ. ಈ ಗಾಡಿ ಬಾಡಿ ಕಬ್ಬಿಣ ಮೊದಲಿಂದಕ್ಕಿಂತ ಗಟ್ಟಿ ಐತಿ, ಅದಕ್ಕ ಕಡಿಮಿ ಹಾಕ್ಯಾರ. ಪೆಟ್ಟು ಬಿದ್ರ ಮುಂದಿನ ಭಾಗ ತಾನ ಮುದುಡಿ ಒಳಗಿನವ್ರನ್ನ ಉಳಸ್ತತಿ" ಎಂದಳು ನೀಲಾ.

"ಮುದುಡತೈತಿ ಅಂತ ನೀನ ಹೇಳ್ತಿ ನೋಡು" ಎಂದೆ ನಾನು, ಗೆದ್ದವನ ಹಾಗೆ.

ವೀರೇಶ ಅಪ್ಪನ ಕಡೆಗೂ ಮಾತಾಡಲಾರ, ಹೆಂಡತಿಯ ಕಡೆಗೂ ಮಾತಾಡಲಾರ. ಸಾರಿನ ಬಟ್ಟಲನ್ನೇ ನೋಡುತ್ತಾ ಕೂತ. ಬಸಮ್ಮನಿಗೆ ರೇಗಿತು. "ಬರೀ ಬಾಯಿಲೆ ತೂಗಾಕತ್ತೀರಲ್ರೀ, ಜೀವಮಾನೆಲ್ಲ ಕಾಟಾದ ಮುಂದ ಕಳದೀರಿ. ಎರಡೂ ಗಾಡಿ ಒಯ್ದು ಕಾಟಾಕ್ಕ ಹಾಕ್ರಿ."

ಕಾಟಾ ಎಂದರೆ ಲಾರಿಗಳನ್ನು ಇಡಿಯಾಗಿ ತೂಗುವ ತಕ್ಕಡಿ, ಮಸ್ಕಿ ರಸ್ತೆಯಲ್ಲಿದೆ. ನಾನು ಒಪ್ಪಿದೆ. ಷರತ್ತೂ ನಾನೇ ಹಾಕಿದೆ. ಹೊಸ ಗಾಡಿ ನನ್ನದಕ್ಕಿಂತ ಒಂದು ಚೀಲದೊಳಗೆ ಕಡಿಮೆ ಬಂದರೆ ಗೌರಿ ತಾಯಿಯ ಜೊತೆ ಹೋಗಲಿ, ಒಂದು ಚೀಲ ದಾಟಿ ಕಡಿಮೆ ಬಂದರೆ ಇಲ್ಲೇ ಇರಲಿ. ಜಗತ್ತಿನಲ್ಲಿ ಮಗುವಿನ ಶಾಲೆಯನ್ನು ಭತ್ತದ ಚೀಲದ ಲೆಕ್ಕದಲ್ಲಿ ತೀರ್ಮಾನಿಸಿದವನು ನಾನೊಬ್ಬನೇ ಇರಬೇಕು.

ಕಾಟಾ ನೋಡಿಕೊಳ್ಳುವ ಹುಸೇನಪ್ಪ ನನ್ನ ಹಳೆಯ ಪರಿಚಯದವನು. ಎರಡು ಕಾರು ಸಾಲಾಗಿ ಬಂದು ನಿಂತದ್ದು ನೋಡಿ ಕೋಣೆಯಿಂದ ತಲೆ ಹೊರಹಾಕಿದ. "ಏನ್ರೀ ಸಾವ್ಕಾರ್ರ, ಭತ್ತ ಮುಗೀತು, ಈಗ ಕಾರ್ ದಲಾಲಿ ಶುರು ಮಾಡೀರೇನು?" ಸರದಿಗಾಗಿ ನಿಂತಿದ್ದ ಲಾರಿ ಡ್ರೈವರುಗಳು ಬೀಡಿ ಹಚ್ಚಿಕೊಂಡು ಸುತ್ತ ನೆರೆದರು.

ನನ್ನ ಗಾಡಿ ಮೊದಲು ಹತ್ತಿತು. ನಾನು ಇಳಿದೆ. ಬೋರ್ಡಿನ ಮೇಲೆ ಕೆಂಪು ಅಂಕಿ ಓಡಿ ನಿಂತಿತು. ನಾನು ಅಂದುಕೊಂಡದ್ದಕ್ಕಿಂತ ಹೆಚ್ಚೇ ಬಂದಿತ್ತು. ಎದೆ ಉಬ್ಬಿತು. ಉಬ್ಬಿದ ಮರುಕ್ಷಣವೇ ನೆನಪಾಯಿತು. ಹಿಂದಿನ ದಿನ ವಳಕಮದಿನ್ನಿಯ ಹೊಲದ ಭತ್ತ ಗಿರಣಿಗೆ ಹಾಕಿಸಿ ತಂದ ಎರಡು ಚೀಲ ಅಕ್ಕಿ ಡಿಕ್ಕಿಯಲ್ಲೇ ಇದೆ.

ಹೇಳಲು ಬಾಯಿ ತೆರೆಯಬೇಕಿತ್ತು. ತೆರೆಯಲಿಲ್ಲ. ಮರೆತದ್ದು ತಪ್ಪಲ್ಲ. ನೆನಪಾದ ಮೇಲೂ ಸುಮ್ಮನಿದ್ದದ್ದು ತಪ್ಪು.

ನೀಲಾಳ ಗಾಡಿಯ ಸರದಿ ಬಂತು. ಭತ್ತ ತೂಗುವವರಿಗೆ ಒಂದು ರೂಢಿಯಿದೆ. ಲಾರಿ ಕಾಟಾ ಹತ್ತಿದ ಕೂಡಲೇ ಮೇಲೆ ಯಾರೂ ಕೂತಿರಬಾರದು. ಕ್ಲೀನರ್ ಆಗಲಿ, ಡ್ರೈವರ್ ಆಗಲಿ, ಎಲ್ಲರನ್ನೂ ಇಳಿಸಬೇಕು. ಸೀಟಿನ ಕೆಳಗೆ ಏನಾದರೂ ಅಡಗಿಸಿದ್ದಾಳೆಯೇ ಎಂದು ನೋಡಲು ನಾನು ಹಿಂದಿನ ಸೀಟಿಗೆ ಹತ್ತಿದ್ದೆ. ಅಕ್ಕಿ ಬಚ್ಚಿಟ್ಟವನಿಗೆ ಎಲ್ಲರೂ ಬಚ್ಚಿಡುವವರಂತೆಯೇ ಕಾಣುತ್ತಾರೆ. ಅಲ್ಲಿಂದಲೇ ಅಂಗಡಿಯ ಗತ್ತಿನಲ್ಲಿ ಕೂಗಿದೆ: "ಇಳೀರಿ, ಎಲ್ಲಾರೂ ಇಳೀರಿ! ಯಾರೂ ಒಳಗ ಇರಬಾರ್ದು!" ನೀಲಾ ಇಳಿದಳು. ವೀರೇಶ ಇಳಿದ. ಅಂಕಿ ನಿಂತಿತು. ಹುಸೇನಪ್ಪ ಕೂಗಿ ಹೇಳಿದ, ವ್ಯತ್ಯಾಸ ಒಂದು ಚೀಲದೊಳಗೇ ಇದೆ. ಸೊಸೆ ಗೆದ್ದಿದ್ದಳು. ಡ್ರೈವರುಗಳು ಸೀಟಿ ಹಾಕಿದರು.

ನೀಲಾ ಮಾತ್ರ ನಗಲಿಲ್ಲ. ಕಿಟಕಿಯ ಹತ್ತಿರ ಬಂದು ಮೆಲ್ಲಗೆ ಅಂದಳು: "ಮಾವಾರ, ನೀವ ಇನ್ನಾ ಒಳಗ ಅದೀರಿ."

ಸೀಟಿ ಹಾಕಿದವರು ಹೊಟ್ಟೆ ಹಿಡಿದುಕೊಂಡು ನಕ್ಕರು. "ಸಾವ್ಕಾರ್ರ ತೂಕಾನೂ ಸೇರಿಸಿ ಕೊಡಾಕತ್ತಾರೇನು ಗಾಡಿ ಜೋಡಿ?" ಎಂದ ಹುಸೇನಪ್ಪ. ನಾನು ಇಳಿದೆ. ಅಂಕಿಯೂ ಇಳಿದು ಹದಿನೈದು ಚೀಲಕ್ಕೆ ನಿಂತಿತು. ನನ್ನ ತೂಕ ಒಂದು ಚೀಲದ ಮೇಲೆ ಒಂದು ಬುಟ್ಟಿ ಎಂದು ಊರಿಗೆಲ್ಲ ತಿಳಿಯಿತು. ಈಗ ವ್ಯತ್ಯಾಸ ಎರಡು ಚೀಲ ದಾಟಿತ್ತು. ಬಾಯಿ ಮುಚ್ಚಿಕೊಂಡಿದ್ದರೆ ಗೆಲ್ಲುತ್ತಿದ್ದವಳು ಬಾಯಿ ತೆರೆದು ಸೋತಳು. ಬಾಯಿ ತೆರೆಯಬೇಕಾದವನು ಮುಚ್ಚಿಕೊಂಡು ಗೆದ್ದೆ.

"ಹೋಗ್ಲಿ ಬಿಡ್ರಿ" ಅಂದಳು ಅವಳು. ಯಾರಿಗೆ ಅಂದಳೋ.

ಗೆದ್ದ ಮೇಲೆ ಮನೆಯಲ್ಲಿ ನನಗೆ ಊಟ ರುಚಿಸಲಿಲ್ಲ. ಅಂಗಳದಲ್ಲಿ ಕೂತಾಗ ಅಮ್ಮನ ನೆನಪಾಯಿತು. ಅಮ್ಮ ಕಾಲುವೆಯಿಂದ ನೀರು ಹೊತ್ತದ್ದು ಮೊದಲು ತಾಮ್ರದ ಕೊಡದಲ್ಲಿ. ನೀರಿಗಿಂತ ಕೊಡವೇ ಭಾರವೇನೋ ಅನ್ನಿಸುವಂಥದ್ದು. ಆಮೇಲೆ ಸ್ಟೀಲಿನದು ಬಂತು. ಅವಳ ಕೊನೆಯ ವರ್ಷಗಳಲ್ಲಿ ಪ್ಲಾಸ್ಟಿಕ್ ಕೊಡ ಬಂದಾಗ ನಾನು ಅದನ್ನು ಬಡಿದು ನೋಡಿ "ಡಬ್ಬಿ" ಅಂದಿದ್ದೆ. ಅಮ್ಮ ಅದನ್ನು ಸೊಂಟದ ಮೇಲಿಟ್ಟು ಎರಡು ಹೆಜ್ಜೆ ನಡೆದು ನೋಡಿದಳು. "ಇದನ್ನ ಮಾಡಿದಾವನ ಹೊಟ್ಟಿ ತಣ್ಣಗಿರ್ಲಿ" ಅಂದಳು. ಹೊರುವವರಿಗೆ ಗೊತ್ತು ಭಾರವೆಂದರೆ ಏನೆಂದು. ನಾನು ಜೀವನದಲ್ಲಿ ಚೀಲ ತೂಗಿಸಿದ್ದೇನೆ, ಹೊತ್ತಿಲ್ಲ.

ಮರುದಿನ ಬೆಳಿಗ್ಗೆ ನೀಲಾ ಶಾಲೆಯ ಯಾವುದೋ ಕೆಲಸಕ್ಕೆಂದು ಲಿಂಗಸುಗೂರಿಗೆ ಹೊರಟಿದ್ದಳು. "ನಾನೂ ಬರ್ತೀನಿ ತಡಿ ಯವ್ವಾ" ಎಂದು ಪಕ್ಕದ ಸೀಟಿನಲ್ಲಿ ಹೋಗಿ ಕೂತೆ. ಅವಳು ಬೆಲ್ಟ್ ಹಾಕಿಕೊಳ್ಳಿ ಅಂದಳು ಅಷ್ಟೇ. ಭತ್ತ ಕೊಯ್ದ ಗದ್ದೆಗಳು ಎರಡೂ ಕಡೆ ಬೋಳಾಗಿ ಬಿದ್ದಿದ್ದವು. ಲಾರಿಯೊಂದು ಎದುರಾದಾಗ ಅವಳು ಅವಸರವಿಲ್ಲದೆ ಅಂಚಿಗೆ ಸರಿದು ದಾರಿ ಕೊಟ್ಟಳು. ನಾನು ಗಾಡಿ ಓಡಿಸಿದ ಇಷ್ಟು ವರ್ಷದಲ್ಲಿ ಅಷ್ಟು ಸಮಾಧಾನದಿಂದ ಯಾರಿಗೂ ದಾರಿ ಕೊಟ್ಟ ನೆನಪಿಲ್ಲ. ಮಸ್ಕಿ ಬಂತು. ಅಲ್ಲಿನ ಗುಡ್ಡದ ಬಂಡೆಯ ಮೇಲೆ ಚಕ್ರವರ್ತಿಯೊಬ್ಬ ತನ್ನ ಹೆಸರು ಕೊರೆಸಿದ್ದಾನೆ, ಎಲ್ಲರಿಗೂ ಗೊತ್ತು. ರಾಜರಿಗೆ ಹೇಳಬೇಕಾದ್ದನ್ನು ಹೇಳಲು ಬಂಡೆ ಸಿಗುತ್ತದೆ. ದಲಾಲಿಗೆ ಚಹಾದಂಗಡಿ ಸಿಕ್ಕಿತು.

"ನೀಲಾ, ನಿನ್ನೆ ನನ್ನ ಗಾಡಿ ಡಿಕ್ಕ್ಯಾಗ ಎರಡು ಚೀಲ ಅಕ್ಕಿ ಇದ್ದುವು."

ಅವಳು ಚಹಾಕ್ಕೆ ಊದುತ್ತಾ, "ಹೌದ್ರಿ, ಗೊತ್ತೈತಿ" ಅಂದಳು.

"ಗೊತ್ತಿತ್ತಾ?"

"ನಿಮ್ಮ ಗಾಡಿ ಹಿಂದ ಭಾರಕ್ಕ ಕುಸದು ಕುಂತಿತ್ತಲ್ರೀ ಮಾವಾರ. ಮೊನ್ನೆ ಸಂಜೀಮುಂದ ಅತ್ತೀನೂ ಅಕ್ಕಿ ಇಳಸ್ರಿ ಅಂತ ಒದರಾಕತ್ತಿದ್ರು."

"ಮತ್ತ ಅಲ್ಲೇ ಯಾಕ ಅನ್ನಲಿಲ್ಲ? ನಾ ಒಳಗಿದ್ದಿದ್ದು ಹೇಳ್ದಿ, ಅಕ್ಕಿ ಇದ್ದಿದ್ದು ಹೇಳ್ಲಿಲ್ಲ."

"ನೀವ ಒಳಗಿದ್ರಿ ಅಂದ್ರ ಮಂದಿ ನಗ್ತಾರ, ಅಷ್ಟರೀ. ಅಕ್ಕಿ ಐತಿ ಅಂದಿದ್ರ? ಕಾಟಾದ ಮ್ಯಾಲ ದಲಾಲಿ ಸಾವ್ಕಾರ್ರು ಸುಳ್ಳು ತೂಕ ಮಾಡ್ಯಾರ ಅಂತಿದ್ರು. ಅಷ್ಟು ಮಂದಿ ಮುಂದ ಆ ಮಾತು ನನ್ನ ಬಾಯಾಗ ಬರ್ಲಿಲ್ರಿ."

ನಾನು ಚಹಾ ಬಟ್ಟಲನ್ನು ಕೆಳಗಿಟ್ಟೆ. ನಮ್ಮ ದಂಧೆಯಲ್ಲಿ ಕಾಟಾದ ಮುಂದೆ ಕೆಟ್ಟ ಹೆಸರು ತಂದುಕೊಂಡವನ ಅಂಗಡಿಗೆ ಮರುದಿನ ಬಂಡಿ ಬರುವುದಿಲ್ಲ. ನಾನು ಗಾದಿ ಬಿಟ್ಟು ವರ್ಷಗಳಾದರೂ ಊರು ನನ್ನನ್ನು ನೆಟ್ಟಗಿನ ತೂಕದ ಮನುಷ್ಯ ಎಂದೇ ಕರೆಯುತ್ತದೆ. ಆ ಹೆಸರನ್ನು ಉಳಿಸಲು ಈ ಹುಡುಗಿ ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಹೋಗುವ ಆಸೆಯನ್ನೇ ಬಿಟ್ಟುಕೊಟ್ಟಿದ್ದಳು. ಅದೂ ಗಾಡಿಯನ್ನು ಬಿಸ್ಕೀಟಿನ ಡಬ್ಬಿ ಎಂದವನಿಗಾಗಿ.

"ಮತ್ತೊಮ್ಮೆ ತೂಗಸೋಣು ಬಾ" ಅಂದೆ.

"ಬ್ಯಾಡ್ರಿ ಮಾವಾರ. ಗೌರಿನ್ನ ಕಳಸ್ತೀರಿಲ್ಲೋ, ಅಷ್ಟು ಹೇಳ್ರಿ."

"ಇವತ್ತ ಸೇರ್ಸಿ ಬರೋಣು ನಡಿ" ಅಂದೆ. ಅವಳು ಗಾಡಿಯ ಬೀಗದ ಕೈ ಹುಡುಕುವ ನೆಪದಲ್ಲಿ ಆ ಕಡೆ ತಿರುಗಿ ಸೆರಗಿನಿಂದ ಮುಖ ಒರೆಸಿಕೊಂಡಳು.

ಲಿಂಗಸುಗೂರಿನ ಕೆಲಸ ಮುಗಿಸಿ ತಿರುಗಿ ಬರುವಾಗ ಕಾಟಾದ ಹತ್ತಿರ ಗಾಡಿ ನಿಲ್ಲಿಸು ಅಂದೆ. ಅವಳು ಬೇಡವೆಂದರೂ ಇಳಿದು ಹೋದೆ. ಆ ದಿನವೂ ಲಾರಿಗಳಿದ್ದವು, ಡ್ರೈವರುಗಳಿದ್ದರು. ಎಲ್ಲರಿಗೂ ಕೇಳುವ ಹಾಗೆ ಅಕ್ಕಿಯ ವಿಷಯ ಹೇಳಿದೆ. ನನ್ನ ದನಿ ಅಂಗಡಿಯ ದನಿಯ ಹಾಗೆ ಇರಲಿಲ್ಲ.

ಹುಸೇನಪ್ಪ ಟೋಪಿ ಹಿಂದಕ್ಕೆ ಸರಿಸಿ ತಲೆ ಕೆರೆದುಕೊಂಡ. "ಸಾವ್ಕಾರ್ರ, ಡಿಕ್ಕ್ಯಾಗ ಅದು ಇದು ಬಿಟ್ಟು ತೂಗಿಸಿದಾವ್ರು ಬಾಳ ಮಂದಿ ಅದಾರ. ಮರುದಿನ ಬಂದು ಹೇಳಿದಾವ್ರನ್ನ ನಾ ನೋಡಿದ್ದಿಲ್ಲ ಬಿಡ್ರಿ." ಆಮೇಲೆ ಗಾಡಿಯಲ್ಲಿ ಕೂತಿದ್ದ ನೀಲಾಳ ಕಡೆ ನೋಡಿ ಕೂಗಿದ: "ಟೀಚರ್, ಎರಡು ಚೀಲ ಅಕ್ಕಿ ಕಳದ್ರ ಗೆದ್ದಾವ್ರು ನೀವ!"

ಈಗ ಶಾಲೆ ಶುರುವಾಗಿ ಮಳೆಗಾಲವೂ ಅರ್ಧ ಕಳೆಯಿತು. ಕಂಪನಿಯವರು ಪುಸ್ತಕದಲ್ಲಿ ಖಾಲಿ ಗಾಡಿಯ ತೂಕ ಬರೆದಿರುತ್ತಾರೆ. ಖಾಲಿ ಗಾಡಿಯಿಂದ ಯಾರಿಗೇನು ಉಪಯೋಗ? ಬೆಳಿಗ್ಗೆ ಹೋಗುವಾಗ ಅದರಲ್ಲಿ ಪಾಠದ ಚೀಲ, ನೀರಿನ ಬಾಟಲಿ, ಬಸಮ್ಮ ಕಟ್ಟಿಕೊಟ್ಟ ರೊಟ್ಟಿ ಪಲ್ಯ, ಬಾಯಿ ಮುಚ್ಚದ ಗೌರಿ. ಸಂಜೆ ಬರುವಾಗ ರೊಟ್ಟಿ ಇರುವುದಿಲ್ಲ, ಮಾತೂ ಇರುವುದಿಲ್ಲ. ಗೌರಿ ಮಸ್ಕಿ ದಾಟುವಷ್ಟರಲ್ಲಿ ನಿದ್ದೆ ಹೋಗಿರುತ್ತಾಳಂತೆ. ನಾನು ಕಟ್ಟೆಯ ಮೇಲೆ ಕಾಯುತ್ತಾ ಕೂತಿರುತ್ತೇನೆ. ಗಾಡಿ ನಿಂತ ಕೂಡಲೇ ಹೋಗಿ ಬಾಗಿಲು ತೆಗೆಯುತ್ತೇನೆ. ನಿದ್ದೆ ಹೋದ ಮಗು ಎಚ್ಚರವಿದ್ದಾಗಿನದಕ್ಕಿಂತ ಭಾರವಾಗಿರುತ್ತದೆ, ಹೇಗೆ ಎಂದು ವಿಜ್ಞಾನದ ಸೊಸೆಯೂ ಹೇಳಿಲ್ಲ. ಒಬ್ಬನ ಕೈಲಿ ಆಗುವುದಿಲ್ಲ. ತಲೆಯ ಕಡೆ ನಾನು ಹಿಡಿಯುತ್ತೇನೆ, ಕಾಲಿನ ಕಡೆ ನೀಲಾ.

"ನಿಧಾನ್ರೀ, ಟೊಂಕ ಉಳಕೀತು" ಎಂದು ಬಸಮ್ಮ ಬಾಗಿಲಿನಿಂದ ಕೂಗುತ್ತಾಳೆ. ಉಳುಕಿದರೆ ಉಳುಕಲಿ. ಈ ವಯಸ್ಸಿನಲ್ಲಾದರೂ ಏನನ್ನೋ ಹೊರಲು ನನ್ನನ್ನು ಕರೆದರಲ್ಲ.