ದೀಪ ಹಚ್ಚಿದ ಮೇಲೆ ಕೇಳಿದ ಹೆಪ್ಪು

ಗೆಳೆಯರೇ, ಈಗಷ್ಟೇ ಪಕ್ಕದ ಮನೆಗೆ ಹೋಗಿ ಬೈಸಿಕೊಂಡು ಬಂದೆ. ಟೈಪ್ ಮಾಡುವ ತಾಳ್ಮೆಯಿಲ್ಲ, ಫೋನಿಗೆ ಮಾತಾಡಿಯೇ ಹಾಕುತ್ತಿದ್ದೇನೆ.

ಬಿಬವೇವಾಡಿಯ ನಮ್ಮ ಬಿಲ್ಡಿಂಗಿನ ಗೋಡೆಗಳು ತೆಳು. ಪಕ್ಕದ ಮನೆಯ ಹುಡುಗಿಗೆ, ಸುನಂದಾ ಅನ್ನೋಣ, ಗಂಡ ಹೊಡೆಯುವ ಸದ್ದು ನಮ್ಮ ಮನೆಗೆ ಕೇಳಿತು. ನಾನು ಎದ್ದೆ. ನನ್ನವಳು ಕೈಗೊಂದು ಬಟ್ಟಲು ಕೊಟ್ಟಳು.

“ಬುದ್ಧಿ ಹೇಳಾಕ ಹೋಗಬ್ಯಾಡ್ರಿ, ಆ ಸಿಟ್ಟೂ ಆಕಿ ಮ್ಯಾಲೇ ತೀರಸ್ತಾನ. ಏನರ ಕೇಳೋ ನೆವ ಮಾಡ್ರಿ. ಮೊದಲ ಬೆಲ್ ಒತ್ತರಿ.”

ಒತ್ತಿದೆ. ಬಾಗಿಲು ತೆರೆಯುವವರೆಗೂ ಬೆರಳು ತೆಗೆಯಲಿಲ್ಲ.

“ಏನ್ರಿ ಕಾಕಾ?” ಗಂಡನೇ ಬಾಗಿಲಿಗೆ ಬಂದಿದ್ದ.

“ಒಂದೀಟು ಮೊಸರು ಕೊಡಪಾ. ಹಾಲಿಗೆ ಹೆಪ್ಪು ಹಾಕಬೇಕಾಗೇದ.”

ಅವನಿಗೆ ನಿಜವಾಗಿಯೂ ಆಘಾತವಾಯಿತು. “ದೀಪ ಹಚ್ಚಿದ ಮ್ಯಾಲೆ ಯಾರರ ಮೊಸರು ಕೇಳತಾರೇನ್ರಿ? ಅದೂ ಶುಕ್ರವಾರ! ಮನ್ಯಾಗಿನ ಲಕ್ಷ್ಮಿ ಹೋಗತಾಳ. ಇಷ್ಟು ವಯಸ್ಸಾಗೇದ, ತಿಳಿಯಂಗಿಲ್ಲೇನು ನಿಮಗ?”

ಅವನ ಬೆನ್ನ ಹಿಂದೆ ಸುನಂದಾ ಕೆನ್ನೆ ಹಿಡಿದುಕೊಂಡು ನಿಂತಿದ್ದಳು.

ಅಷ್ಟರಲ್ಲಿ ನನ್ನವಳೂ ಬಂದಳು. “ಬ್ಯಾಡ ಬಿಡಪಾ, ಮೊಸರು ನೀನೇ ಇಟಗೋ. ಸುನಂದಾ, ನೀ ಬರ್ತಿಯೇನವಾ ನಮ್ಮನಿಗೆ?”

ಅವಳು ಒಂದು ಕ್ಷಣ ಗಂಡನ ಮುಖ ನೋಡಿದಳು. ಆಮೇಲೆ ಬರಿಗಾಲಲ್ಲೇ ಹೊರಬಂದಳು. ಎದುರಿನ ಮನೆಯ ಆಜಿಯೂ ಬಾಗಿಲು ತೆರೆದು ನಿಂತಿದ್ದರಿಂದ ಅವನಿಗೆ ತಡೆಯಲು ಧೈರ್ಯವಾಗಲಿಲ್ಲ.

ಈಗ ಸುನಂದಾ ನನ್ನವಳ ಫೋನಿನಲ್ಲಿ ಅಣ್ಣನಿಗೆ ಹೇಳುತ್ತಿದ್ದಾಳೆ, “ನಾಳೆ ಅಲ್ಲಣ್ಣಾ, ಇವತ್ತೇ ಬಾ.”

ಲಕ್ಷ್ಮಿ ಹೋಗುತ್ತಾಳೆಂದು ಹೆದರಿ ಅವನು ಒಂದು ಚಮಚೆ ಮೊಸರೂ ಕೊಡಲಿಲ್ಲ. ಆದರೂ ನೋಡಿ, ಲಕ್ಷ್ಮಿ ನಮ್ಮ ಅಡುಗೆಮನೆಯಲ್ಲಿ ಕೂತು ಚಹಾ ಕುಡಿಯುತ್ತಿದ್ದಾಳೆ.