ದೇವಕ್ಕನ ಕೈ

ಸಿಟ್ಟು ಬಂದ್ರ ದೇವಕ್ಕ ಒಲಿ ಮುಂದಿಂದ ಏಳೋ ಪೈಕಿ ಅಲ್ಲ, ರೊಟ್ಟಿ ಬಡಿಯೋ ಸಪ್ಪಳ ಜೋರಾಗ್ತಿತ್ತು ಅಷ್ಟ. ಅವತ್ತು ಮಾತ್ರ ಎದ್ಲು. ಹಿಟ್ಟು ಮೆತ್ತಿದ ಕೈಲೇ ಅಂಗಳ ದಾಟಿ, ಪಾಠ ನಡೆದಿದ್ದ ಕೋಣಿಗೆ ನುಗ್ಗಿ, "ನನ್ನ ಕೈ ಏನ್ ಮಾಡೀರಿ? ಯಾರ ಕೆಲಸ ಇದು?" ಅಂತ ಒದರಿದ್ಲು.

ಶಹಾಪುರದ ಗುಡ್ಡದ ಬುಡಕ್ಕಿರೋ ಆ ಮಾಯದ ಸಾಲ್ಯಾಗ ಇದ್ದದ್ದನ್ನ ಬ್ಯಾರೆ ಮಾಡೋ ವಿದ್ಯಾ ಕಲಿಸ್ತಾರ. ಬಂಡಿಗಲ್ಲು ಜರಗಸ್ತಾರ, ಒಣಗಿದ ಬೇವಿನ ಗಿಡಕ್ಕ ಚಿಗುರು ತರ್ತಾರ. ಒಂದು ರೊಟ್ಟಿ ಮಾಡಾಕ ಮಾತ್ರ ಬರಂಗಿಲ್ಲ! ಏನರೆ ಹೊಸಾದು ಮಾಡಬೇಕಂದ್ರ ಅದು ಹ್ಯಾಂಗ ಆಗ್ತದ ಅನ್ನೋದು ಮಾಡೋರಿಗೆ ಪೂರಾ ತಿಳಿದಿರಬೇಕಂತ. ಅಳಸಾಕ ಏನೂ ತಿಳಿಬೇಕಾಗಿಲ್ಲ. ಗುರುಗಳು ಮಾಯದಿಂದ ಮಾಡಿದ ರೊಟ್ಟಿ ರದ್ದಿ ಕಾಗದ ಅಗದಂಗಿತ್ತು. ಅದಕ್ಕ ಹದಿನೆಂಟು ವರ್ಷದಿಂದ ದೇವಕ್ಕ ಅಲ್ಲಿ ದಿನಾ ಇನ್ನೂರು ಜೋಳದ ರೊಟ್ಟಿ ಬಡಿತಿದ್ಲು.

ಅವತ್ತು ಮುಂಜಾನಿ ಎದ್ದು ನೋಡಿದ್ರ ಕೈಮ್ಯಾಲಿನ ಸುಟ್ಟ ಗುರ್ತು ಒಂದೂ ಇಲ್ಲ. ಅಂಗೈಯ ಗಟ್ಟಿ ದಡ್ಡು ಇಲ್ಲ. ಕೂಸಿನ ಕೈಯಂಗ ಮೆತ್ತಗ. ಹಂಚಿನ ಮ್ಯಾಲಿನ ರೊಟ್ಟಿ ಹೊರಳಸಾಕ ಹೋಗಿ ಬೆರಳಿಗೆ ಬೊಬ್ಬಿ ಎದ್ದು, ರೊಟ್ಟಿ ಹರದು ಒಲ್ಯಾಗ ಬಿತ್ತು.

ಕೋಣ್ಯಾಗ ಶಾಂಭವಿ ಎದ್ದು ನಿಂತ್ಲು. ಯಾದಗಿರಿಯ ಬಟ್ಟೆ ಅಂಗಡಿಯವರ ಮಗಳು, ಅಲ್ಲಿ ಕಲಿಯಾಕ ಬಂದಾಕಿ.

"ನಾನ್ರಿ ದೇವಕ್ಕ. ನಿಮ್ಮ ಕೈ ನೋಡಿದ್ರ ಕರಳು ಚುರ್ ಅಂತಿತ್ರಿ. ಪರೀಕ್ಷಾದಾಗ ಏನರೆ ಒಳ್ಳೇದು ಮಾಡಿ ತೋರಸ್ರಿ ಅಂದಿದ್ರು. ಅದಕ್ಕ ರಾತ್ರಿ ನೀವು ಮಲಗಿದಾಗ ಎಲ್ಲಾ ಅಳಸಿಬಿಟ್ಟೆ."

"ನನ್ನ ಒಂದ್ ಮಾತು ಕೇಳಿದ್ದೇನ ನೀ?"

ಗುರುಗಳಾದ ಅಮೋಘಸಿದ್ದಪ್ಪನವರು ನಕ್ಕರು. "ಇರಲಿ ಬಿಡು ದೇವಕ್ಕ. ಹುಡುಗಿ ಮೊದಲನೇ ನಂಬರ ಬಂದಾಳ. ಕೈಯೂ ಎಷ್ಟು ಛಂದ ಆಗ್ಯಾವ!"

"ಛಂದ ಇಟ್ಟುಕೊಂಡು ಏನ್ ಮಾಡ್ಲಿ ಸರ? ಸಂಜಿಗೆ ಇನ್ನೂರು ರೊಟ್ಟಿ ನೀವು ಬಡಿತೀರೇನು? ನನ್ನ ಕೈ ನನಗ ಕೊಡೋತನಕ ನಾ ರೊಟ್ಟಿ ಬಡಿಯಂಗಿಲ್ಲ!"

ಕೊಡಬೇಕಂದ್ರ ಪ್ರತಿ ಗುರ್ತು ಹ್ಯಾಂಗಾತು ಅಂತ ಆ ಹುಡುಗಿಗೆ ತಿಳಿದಿರಬೇಕಲ್ಲ! ದೇವಕ್ಕ ಆಕಿ ರಟ್ಟಿ ಹಿಡಿದು ಎಳಕೊಂಡು ಬಂದು ಹಿಟ್ಟು ನಾದೋ ಪರಾತದ ಮುಂದ ಕೂಡಿಸಿದ್ಲು. ಒಂದು ತಿಂಗಳು ನಾದಿಸಿದ್ಲು, ಬಡಿಸಿದ್ಲು, ಬರಿಗೈಲೆ ಹೊರಳಿಸಿದ್ಲು. ಶಾಂಭವಿ ಕೈಗೆ ಬೊಬ್ಬಿ ಬಂದು, ಒಡದು, ಚರ್ಮ ಬಿರುಸಾತು. ಅಯ್ಯೋ ಅನ್ನೋ ಮನಸು ದೇವಕ್ಕಗ ಇರಲಿಲ್ಲ. ಸಾಲಿ ತುಂಬ ಮಂದಿ ಅನ್ನ ತಿಂದು ಗೊಣಗಿದ್ರು. ಗೊಣಗಲಿ!

ಆಮ್ಯಾಲ ಒಂದಿನ ದೇವಕ್ಕ ಕೈ ಚಾಚಿ ಹೇಳಾಕ ಸುರು ಮಾಡಿದ್ಲು.

"ಹೆಬ್ಬಟ್ಟಿಂದು ತವರೂರು ಬಳಿಚಕ್ರದಾಗ, ಅವ್ವ ಕಲಿಸುವಾಗ ಆಗಿದ್ದು. ಒಂಬತ್ತು ವರ್ಷದಾಕಿ ಇದ್ದೆ. ಈ ಎರಡು ನಿಮ್ಮ ಸಾಲೀವು, ಒಂದ ದಿನ ಸಾವಿರ ರೊಟ್ಟಿ ಬಡಿಸಿದ್ರಲ್ಲ, ಅವತ್ತಿನವು."

ಶಾಂಭವಿ ಕಣ್ಣು ಮುಚ್ಚಿ ಒಂದೊಂದ ನೆನೆಸಿದಂಗ ಗುರ್ತು ತಿರುಗಿ ಬಂದ್ವು. ದಡ್ಡೂ ಬಂತು. ಎಡಗೈ ಮಣಿಕಟ್ಟಿನ ಉದ್ದನ್ನ ಗುರ್ತೊಂದ ಬರೋದು ಉಳೀತು.

ದೇವಕ್ಕ ಆ ಮಣಿಕಟ್ಟು ಮುಂದ ಮಾಡಿದ್ಲು.

"ಅದು ಗಂಡನ ಮನಿದು, ದೋರನಹಳ್ಳಿದು. ರೊಟ್ಟಿ ತಡ ಆತಂತ ಅವ ಕೈ ಹಿಡಿದು ಹಂಚಿಗೆ ಒತ್ತಿದ."

ಶಾಂಭವಿ ಕಣ್ಣಾಗ ನೀರು ಬಂತು. "ಅದೊಂದು ಬ್ಯಾಡ್ರಿ ದೇವಕ್ಕ. ಅದು ಹೋಗಿದ್ದ ಒಳ್ಳೇದಾತು."

"ಮತ್ತ ನೀನ ಹೇಳಾಕತ್ತೀಯೇನ ನನಗ ಒಳ್ಳೇದು ಯಾವುದಂತ?" ದೇವಕ್ಕ ಸೆಟದು ನಿಂತ್ಲು. "ಅವ ಒತ್ತಿದ ಹಂಚು ಒಲಿಮ್ಯಾಲಿನ ಇದ ನೋಡ. ಇದನ್ನ ತಲಿಮ್ಯಾಲ ಇಟ್ಟುಕೊಂಡು ಶಹಾಪುರತನಕ ನಡಕೋತ ಬಂದೀನಿ. ಆರು ಸಲ ಕರಿಯಾಕ ಬಂದಾನವ. ಅತ್ತಾನ, ಕಾಲು ಹಿಡದಾನ. ನನ್ನ ಮನಸು ಕರಗಿಲ್ಲ ಅಂತಲ್ಲ, ಕರಗ್ಯದ. ಪ್ರತಿ ಸಲ ಈ ಕೈ ನೋಡಿಕೊಂಡು ಹೋಗಲಾರದ ಉಳದೀನಿ. ನಾಳಿ ಬಂದ್ರ ಏನ್ ನೋಡಿಕೊಳ್ಲಿ? ಹೇಳ!"

ಶಾಂಭವಿ ದೇವಕ್ಕನ ಮಣಿಕಟ್ಟು ಹಿಡಿದು ಕಣ್ಣು ಮುಚ್ಚಿದ್ಲು. ಚರ್ಮ ಸುಟ್ಟ ವಾಸನಿ ಬಂತು. ದೇವಕ್ಕ ಹಲ್ಲು ಕಚ್ಚಿದ್ಲೇ ಹೊರತು ಕೈ ಎಳಕೊಳ್ಳಲಿಲ್ಲ.

ಗುರ್ತಿನ ಮ್ಯಾಲ ಬೆರಳಾಡಿಸಿ ನೋಡಿ, ಒಲಿ ಮುಂದ ಕುಂತ್ಲು.

"ಹಿಟ್ಟು ತಾ," ಅಂದ್ಲು.