ಬನಜಾ ಅಂದವಳು

ಕೊರಿಯಾಕ್ಕೆ ಬಂದ ಮರುದಿನ ಲಿಫ್ಟಿನಲ್ಲಿ ಹಿಂದಿನಿಂದ ಯಾರೋ ‘ಅಮ್ಮಾ’ ಅಂದರು. ಕನ್ನಡದವರೇ ಸಿಕ್ಕರೆಂದು ಜೀವ ಹಿಗ್ಗಿ ತಿರುಗಿದೆ. ಕೊರಿಯನ್ ಕೂಸೊಂದು ತನ್ನ ತಾಯಿಯನ್ನು ಕರೆದಿತ್ತು. ಇವರ ಭಾಷೆಯಲ್ಲೂ ಅಮ್ಮ ಎಂದರೆ ಹೆಚ್ಚುಕಡಿಮೆ ಅಮ್ಮನೇ. ಆ ಖುಷಿ ಬಹಳ ದಿನ ಉಳಿಯಲಿಲ್ಲ. ಮಗ ವರುಣ ಶಾಲೆ ಸೇರಿದ್ದೇ ತಡ, ನಾನು ಎಲ್ಲರಿಗೂ ‘ಬರುಣ್ ಅಮ್ಮಾ’ ಆದೆ. ಇವರ ನಾಲಿಗೆಗೆ ‘ವ’ ಹೊರಳುವುದಿಲ್ಲ.

ಇಲ್ಲಿಯ ಹೆಂಗಸರು ಮದುವೆಯಾದರೂ ತವರಿನ ಅಡ್ಡಹೆಸರು ಬಿಡುವುದಿಲ್ಲ ಎಂದು ತಿಳಿದಾಗ ನನಗೆ ಹೊಟ್ಟೆಕಿಚ್ಚಾಗಿತ್ತು. ಆದರೆ ಎದುರುಮನೆಯವಳನ್ನು ಕೂಡ ಎಲ್ಲರೂ ಮಗನ ಹೆಸರು ಹಿಡಿದು ‘ಮಿನ್ಹೋ ಅಮ್ಮಾ’ ಎಂದೇ ಕರೆಯುತ್ತಿದ್ದರು. ಒಂದು ದಿನ ಅವರ ಮನೆಯಲ್ಲಿ ‘ಜೆಸಾ’ ಇತ್ತು, ನಮ್ಮ ಶ್ರಾದ್ಧದಂಥದ್ದು. ಗಂಡನ ಹಿರಿಯರಿಗಾಗಿ ಬೆಳಗಿನಿಂದ ಬೇಯಿಸಿ ಕರಿದವಳು ಅವಳು, ಎಡೆಯ ಮುಂದೆ ಬಾಗಿದವರು ಗಂಡಸರು. ಸವಣೂರಿನ ಅತ್ತೆಮನೆಯಲ್ಲಿ ಮಡಿಯುಟ್ಟು ಇದನ್ನೇ ಮಾಡಿ ಬಂದವಳು ನಾನು.

ಮರುದಿನ ಅವಳು ಉಳಿದ ಹಣ್ಣು ತಂದುಕೊಟ್ಟಳು.

“ನಾನು ಸುಜಿನ್. ಮೊದಲು ನರ್ಸಾಗಿದ್ದೆ. ನಿನ್ನ ಹೆಸರು?”

ಮದುವೆಯ ದಿನ ನನ್ನ ಗಂಡ ಹರಿವಾಣದ ಅಕ್ಕಿಯಲ್ಲಿ ಉಂಗುರದಿಂದ ‘ಇಂದಿರಾ’ ಎಂದು ನನ್ನ ಹೊಸ ಹೆಸರು ಬರೆದಿದ್ದರು. ಅಕ್ಕಿ ಅಡಿಗೆಮನೆಗೆ ಹೋಯಿತು, ಹೆಸರು ನನಗಂಟಿತು.

“ವನಜಾ,” ಎಂದೆ.

“ಬನಜಾ,” ಅಂದಳು. ನನಗೆ ಅಳು ಬಂತು.

ಅವತ್ತೇ ಹಾನಗಲ್ಲಿಗೆ ಫೋನು ಹಚ್ಚಿದೆ. “ಅವ್ವಾ, ಒಮ್ಮೆ ವನಜಾ ಅಂತ ಕರಿ.”

“ಯಾಕ ಇಂದಿರಾ, ಆರಾಮ ಇದ್ದೀಯಿಲ್ಲೋ? ನಿಮ್ಮತ್ತಿ ಕಿವಿಗೆ ಬಿದ್ರ ಏನಂದಾರು.”

“ಮದುವಿಗಿಂತ ಮೊದಲ ನಿನ್ನ ಹೆಸರೇನಿತ್ತವ್ವಾ?”

ಇಷ್ಟು ವರ್ಷ ನಾನೂ ಕೇಳಿರಲಿಲ್ಲ.

“ಏನೋ ಇತ್ತು ಬಿಡು. ಹಂಗ ಕರ್ಯಾವ್ರೆಲ್ಲ ಹೋದ್ರು.”

ಸುಜಿನ್‌ಗೆ ಈ ವಸಂತದಲ್ಲಿ ಮತ್ತೆ ಆಸ್ಪತ್ರೆಯ ಕೆಲಸ ಸಿಕ್ಕಿತ್ತು. ಸೇರುವ ಮುಂಚೆಯೇ ಊರಲ್ಲಿ ಅವಳ ಮಾವನಿಗೆ ಲಕ್ವಾ ಹೊಡೆಯಿತು. ನರ್ಸು ಮನೆಯಲ್ಲೇ ಇರುವಾಗ ಬೇರೆಯವರೇಕೆ ಎಂದರಂತೆ ಗಂಡನ ಕಡೆಯವರು. ಹಿರಿಯ ಸೊಸೆ ಅವಳು, ಮಗನನ್ನು ಕರೆದುಕೊಂಡು ಹೊರಟಳು. ಲಿಫ್ಟಿನ ಬಾಗಿಲಲ್ಲಿ “ಬನಜಾ” ಎಂದು ನನ್ನ ಕೈ ಹಿಡಿದಳು.

ಎದುರುಮನೆಗೆ ಈಗ ಬೇರೆಯವರು ಬಂದಿದ್ದಾರೆ. ಊರಿಗೆ ಹೋದರೆ ನಾನು ಇಂದಿರಾ, ಇಲ್ಲಿ ಬರುಣ್ ಅಮ್ಮಾ. ವನಜಾ ಎಂದು ಕರೆಯಲು ಒಬ್ಬಳಿದ್ದಳು, ಅವಳಿಗೂ ‘ವ’ ಬರುತ್ತಿರಲಿಲ್ಲ.